ಸಾಕ್ಷ್ಯಚಿತ್ರ ಮತ್ತು ಕಥಾಚಿತ್ರ: ಎರಡನ್ನೂ ಸಂಕಲಿಸುತ್ತ ವೃತ್ತಿ ನಡೆಸಬಹುದೇ?

ಪ್ರಶ್ನೆ:
ನಮಸ್ಕಾರ. ಮೂರು ವರ್ಷಗಳಿಂದ ಸಾಕ್ಷ್ಯಚಿತ್ರಗಳಲ್ಲಿ ಸಹಾಯಕ ಸಂಕಲನಕಾರನಾಗಿ ದುಡಿಯುತ್ತಿರುವ ನನಗೆ ಈಗ ಕಥಾಚಿತ್ರವೊಂದರಲ್ಲಿ ಅವಕಾಶ ಬಂದಿದೆ. ಎರಡೂ ಕಡೆ ಕೈಹಾಕಿದರೆ ಎಲ್ಲಿಯೂ ಹೆಸರು ನಿಲ್ಲುವುದಿಲ್ಲವೆಂದು ಹಿರಿಯರೊಬ್ಬರು ಎಚ್ಚರಿಸಿದ್ದಾರೆ. ಎರಡನ್ನೂ ನಿಭಾಯಿಸಿದವರು ಇದ್ದಾರೆಯೇ? ಒಂದರಲ್ಲಿ ಕಲಿತದ್ದು ಇನ್ನೊಂದರಲ್ಲಿ ನಿಜಕ್ಕೂ ಉಪಯೋಗಕ್ಕೆ ಬರುತ್ತದೆಯೇ?

ಮೊದಲ ಉತ್ತರ:
ಖಂಡಿತ ಇದ್ದಾರೆ. ಅಮೆರಿಕದ ಸಂಕಲನಕಾರ್ತಿ ಥೆಲ್ಮಾ ಸ್ಕೂನ್‌ಮೇಕರ್ ಅವರು ವುಡ್‌ಸ್ಟಾಕ್ ಸಂಗೀತೋತ್ಸವವನ್ನು ಕುರಿತ 1970ರ ಸಾಕ್ಷ್ಯಚಿತ್ರದ ಸಂಕಲನಕ್ಕಾಗಿ ಆಸ್ಕರ್‌ಗೆ ನಾಮನಿರ್ದೇಶನಗೊಂಡರು. ಹತ್ತು ವರ್ಷಗಳ ನಂತರ ತೆರೆಕಂಡ ‘ರೇಜಿಂಗ್ ಬುಲ್’ ಕಥಾಚಿತ್ರಕ್ಕಾಗಿ ಅದೇ ಪ್ರಶಸ್ತಿಯನ್ನು ಗೆದ್ದರು. ನಡುವಿನ ವರ್ಷಗಳಲ್ಲಿ ಹಾಲಿವುಡ್ಡಿನ ದೊಡ್ಡ ಚಿತ್ರಗಳಿಂದ ಅವರನ್ನು ದೂರವಿಟ್ಟದ್ದು ಸಾಕ್ಷ್ಯಚಿತ್ರದ ಹಿನ್ನೆಲೆಯಲ್ಲ, ವೃತ್ತಿಸಂಘದ ಸದಸ್ಯತ್ವ ಇಲ್ಲದಿದ್ದದ್ದು.

ನಿಮ್ಮ ಪ್ರಶ್ನೆಗೆ ಇನ್ನೂ ಹತ್ತಿರದವರು ವಾಲ್ಟರ್ ಮರ್ಚ್. 1996ರ ‘ದಿ ಇಂಗ್ಲಿಷ್ ಪೇಷಂಟ್’ ಚಿತ್ರದ ಸಂಕಲನ ಮತ್ತು ಧ್ವನಿ ಎರಡಕ್ಕೂ ಆಸ್ಕರ್ ಪಡೆದ ಅವರು, ತಮ್ಮ ಎಪ್ಪತ್ತರ ವಯಸ್ಸಿನ ಆಸುಪಾಸಿನಲ್ಲಿ, ಹಿಗ್ಸ್ ಬೋಸಾನ್ ಎಂಬ ಭೌತಶಾಸ್ತ್ರದ ಸೂಕ್ಷ್ಮ ಕಣದ ಶೋಧವನ್ನು ಕುರಿತ ‘ಪಾರ್ಟಿಕಲ್ ಫೀವರ್’ ಸಾಕ್ಷ್ಯಚಿತ್ರವನ್ನು ಸಂಕಲಿಸಿದರು. ಒಂದು ಕಟ್ (ಒಂದು ನೋಟದಿಂದ ಇನ್ನೊಂದಕ್ಕೆ ಜಿಗಿಯುವ ಜಾಗ) ಸರಿಯೇ ಎಂದು ನಿರ್ಧರಿಸುವಾಗ ಭಾವಕ್ಕೆ 51, ಕಥೆಗೆ 23, ಲಯಕ್ಕೆ 10 ಪ್ರತಿಶತ ತೂಕ ಕೊಡಬೇಕೆಂಬುದು ಅವರ ಪ್ರಸಿದ್ಧ ಸೂತ್ರದ ಮೊದಲ ಮೂರು ಅಂಶಗಳು. ಈ ಲೆಕ್ಕ ನಟನ ಮುಖಕ್ಕೂ ವಿಜ್ಞಾನಿಯ ಮುಖಕ್ಕೂ ಒಂದೇ ಎಂದು ನಾನು ನಂಬುತ್ತೇನೆ.

ಎರಡನೆಯ ಉತ್ತರ:
ಮೇಲಿನವರ ಮಾತನ್ನು ಒಪ್ಪುತ್ತೇನೆ. ಆದರೆ ಕೆಲಸದ ಸ್ವರೂಪ ಒಂದೇ ಎಂದು ಭಾವಿಸಬೇಡಿ. ಕಥಾಚಿತ್ರದಲ್ಲಿ ಚಿತ್ರಕಥೆ ಮೊದಲೇ ಇರುತ್ತದೆ, ಒಂದೇ ಮಾತಿಗೆ ಹಲವು ಟೇಕ್‌ಗಳಿರುತ್ತವೆ, ನಮ್ಮ ಶ್ರಮವೆಲ್ಲ ಆಯ್ಕೆಯಲ್ಲಿ ಹೋಗುತ್ತದೆ. ಸಾಕ್ಷ್ಯಚಿತ್ರದಲ್ಲಾದರೋ ನೂರಾರು ಗಂಟೆಗಳ ಫುಟೇಜನ್ನು ನೋಡಿ, ಸಂದರ್ಶನಗಳನ್ನು ಬರಹಕ್ಕಿಳಿಸಿ, ಯಾವ ಮಾತಿನ ನಂತರ ಯಾವುದು ಬರಬೇಕೆಂದು ಹುಡುಕುತ್ತ ಹೋದಂತೆ ಕಥೆ ಸಂಕಲನದ ಮೇಜಿನ ಮೇಲೆಯೇ ಹುಟ್ಟುತ್ತದೆ. ಅಲ್ಲಿ ಸಂಕಲನಕಾರನನ್ನು ಸಹಲೇಖಕನೆಂದೇ ಕರೆಯಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ.

ಕಥಾಚಿತ್ರದಿಂದ ಸಾಕ್ಷ್ಯಚಿತ್ರಕ್ಕೆ ಬಂದ ಹೊಸತರಲ್ಲಿ ನಾನೊಂದು ತಪ್ಪು ಮಾಡಿದ್ದೆ. ಮಗನನ್ನು ಕಳೆದುಕೊಂಡ ತಾಯಿಯೊಬ್ಬರ ಸಂದರ್ಶನದಲ್ಲಿ ಅವರು ಉತ್ತರಿಸುವ ಮೊದಲು ಮೌನವಾಗಿದ್ದ ಹನ್ನೊಂದು ಸೆಕೆಂಡುಗಳನ್ನು, ಲಯ ಕುಂಟುತ್ತದೆಯೆಂದು ಕತ್ತರಿಸಿಬಿಟ್ಟೆ. ರಫ್ ಕಟ್, ಅಂದರೆ ಚಿತ್ರದ ಕರಡು ಜೋಡಣೆ, ನೋಡಿದ ನಿರ್ದೇಶಕರು, ‘ಅವರು ಹೇಳಿದ್ದೆಲ್ಲ ಆ ಮೌನದಲ್ಲಿತ್ತು’ ಎಂದರು. ಅದನ್ನು ಮರಳಿ ಸೇರಿಸಿದೆ. ಮುಂದೆ ಕಥಾಚಿತ್ರಗಳಲ್ಲಿಯೂ ‘ಕಟ್’ ಎಂದ ಬಳಿಕ ನಟರ ಮುಖದಲ್ಲಿ ಉಳಿದಿರುವುದನ್ನು ಕೊನೆಯವರೆಗೂ ನೋಡುವ ಅಭ್ಯಾಸ ನನಗೆ ಬಂದದ್ದು ಆ ಘಟನೆಯಿಂದಲೇ.

ಇನ್ನೊಂದು ವ್ಯತ್ಯಾಸವನ್ನು ಎಂದಿಗೂ ಮರೆಯಬಾರದು. ಕಥಾಚಿತ್ರದಲ್ಲಿ ಬೇರೆ ದೃಶ್ಯಕ್ಕಾಗಿ ಚಿತ್ರೀಕರಿಸಿದ ನೋಟವನ್ನು ಇಲ್ಲಿಗೆ ತಂದು ಜೋಡಿಸಿದರೆ ಅದು ಕೌಶಲ. ಸಾಕ್ಷ್ಯಚಿತ್ರದಲ್ಲಿ ಒಂದು ಪ್ರಶ್ನೆಗೆ ಕೊಟ್ಟ ಉತ್ತರವನ್ನು ಇನ್ನೊಂದು ಪ್ರಶ್ನೆಗೆ ಅಂಟಿಸಿದರೆ ಅದು ಆ ವ್ಯಕ್ತಿಗೆ ಬಗೆದ ದ್ರೋಹ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಕೃತಜ್ಞತೆಗಳು. ಕಥಾಚಿತ್ರದ ಅವಕಾಶವನ್ನು ಒಪ್ಪಿಕೊಳ್ಳುತ್ತಿದ್ದೇನೆ. ಕೈಯಲ್ಲಿರುವ ಸಾಕ್ಷ್ಯಚಿತ್ರದ ಕೆಲಸ ಇನ್ನೂ ಎರಡು ವಾರ ಉಳಿದಿದೆ. ಅದರಲ್ಲಿ ನಾನು ಕತ್ತರಿಸಿರುವ ಮೌನಗಳನ್ನೆಲ್ಲ ನಾಳೆ ಮತ್ತೊಮ್ಮೆ ತೆರೆದು ನೋಡುತ್ತೇನೆ.