ಎಸ್ಪ್ರೆಸೊ ಯಂತ್ರಕ್ಕೆ ನೀರಿನ ಫಿಲ್ಟರ್: ಹಾಕಿಕೊಂಡವರು, ತೆಗೆದುಹಾಕಿದವರು ಅನುಭವ ತಿಳಿಸಿ

ಹೊಸನೊರೆ:
ತೊಟ್ಟಿಯಿಂದ ನೀರೆಳೆದುಕೊಳ್ಳುವ, ಹೀಟ್ ಎಕ್ಸ್‌ಚೇಂಜರ್ (ಹಬೆಯ ಬಾಯ್ಲರಿನೊಳಗೆ ಹಾದುಹೋಗುವ ಕೊಳವೆಯಲ್ಲಿ ಕಾಫಿಯ ನೀರು ಕಾಯುವ) ಮಾದರಿಯ ಎಸ್ಪ್ರೆಸೊ ಯಂತ್ರವನ್ನು ಮನೆಗೆ ತಂದಿದ್ದೇವೆ. ಪರೀಕ್ಷಾ ಪಟ್ಟಿಯ ಬಣ್ಣದ ಪ್ರಕಾರ ನಮ್ಮದು ಗಡಸು ನೀರು. ಪೆಟ್ಟಿಗೆಯಲ್ಲಿ ಬಂದಿದ್ದ ಫಿಲ್ಟರ್ ಕಾರ್ಟ್ರಿಜ್ಜನ್ನು ಹೀರುಕೊಳವೆಗೆ ಸಿಕ್ಕಿಸಿದಾಗಿನಿಂದ ಪಂಪು ಕರ್ಕಶವಾಗಿ ಸದ್ದು ಮಾಡುತ್ತಿದೆ, ನೀರಿನ ಧಾರೆಯೂ ಸಣ್ಣದಾಗಿದೆ. ಇದು ಸಹಜವೇ? ಎರಡು ತಿಂಗಳಿಗೊಮ್ಮೆ ಕಾರ್ಟ್ರಿಜ್ ಬದಲಿಸಬೇಕೆಂದು ಕೈಪಿಡಿ ಹೇಳುತ್ತದೆ. ಬಳಕೆ ಬಹಳ ಕಡಿಮೆಯಿದ್ದರೂ ಹಾಗೆ ಬದಲಿಸಲೇಬೇಕೇ, ಅಥವಾ ಆರ್‌ಒ ನೀರು ಹಾಕಿ ಈ ತಾಪತ್ರಯದಿಂದ ಪಾರಾಗಬಹುದೇ? ಬಲ್ಲವರು ದಯವಿಟ್ಟು ತಿಳಿಸಿ.

ಹಬೆಗೊಳವೆ:
ಫಿಲ್ಟರ್ ಬೇಕೇ ಬೇಡವೇ ಎಂದು ಚರ್ಚಿಸುವ ತಾಳ್ಮೆ ನನಗೆ ಉಳಿದಿಲ್ಲ. ನನ್ನ ಮೊದಲ ಯಂತ್ರ ಬೇರೊಬ್ಬರು ಬಳಸಿ ಮಾರಿದ್ದು. ಹೊರಮೈ ಫಳಫಳ ಹೊಳೆಯುತ್ತಿತ್ತು. ಮಾರಿದ ಮಹಾಶಯರು ತೊಟ್ಟಿಗೆ ಏನನ್ನು ಸುರಿಯುತ್ತಿದ್ದರು ಎಂಬುದನ್ನು ಮಾತ್ರ ಹೇಳಲಿಲ್ಲ. ಮೊದಲು ಸೇಫ್ಟಿ ವಾಲ್ವಿನಿಂದ ಹಬೆ ಜಿನುಗತೊಡಗಿತು. ಅದನ್ನು ಬದಲಿಸಿದ ಮೇಲೆ, ಬಾಯ್ಲರ್ ಕಾಯುವಾಗ ಒಳಗಿನ ಗಾಳಿಯನ್ನು ಹೊರಬಿಡುವ ಪುಟ್ಟ ವಾಲ್ವು ಸುಣ್ಣದಿಂದ ಕಚ್ಚಿಕೊಂಡಿತು. ಅದು ಸರಿಹೋಯಿತು ಎನ್ನುವಷ್ಟರಲ್ಲಿ ಗ್ರೂಪಿಗೆ (ಕಾಫಿಪುಡಿಯ ಮೇಲೆ ನೀರು ಬಿಡುವ ಭಾಗಕ್ಕೆ) ನೀರು ಹೋಗುವ ದಾರಿಯಲ್ಲಿರುವ, ಒಂದು ಮಿಲಿಮೀಟರಿಗೂ ಕಿರಿದಾದ ರಂಧ್ರದ ಜೆಟ್ಟು ಮುಚ್ಚಿಹೋಗಿ ಹನಿ ನೀರೂ ಬಾರದಾಯಿತು. ಕೊನೆಗೆ ಬಾಯ್ಲರನ್ನು ಬಿಚ್ಚಿದಾಗ ಹೀಟರಿನ ಸುರುಳಿಗಳ ನಡುವಿನ ಸಂದು ಕಾಣದಂತೆ ಸುಣ್ಣ ಗಟ್ಟಿಯಾಗಿತ್ತು, ಒಂದು ಸುರುಳಿ ಸೀಳಿತ್ತು. ವಾಲ್ವುಗಳು, ಜೆಟ್ಟು, ಹೀಟರ್, ಅದರ ಗ್ಯಾಸ್ಕೆಟ್, ನೀರಿನ ಮಟ್ಟ ಅಳೆಯುವ ಕಡ್ಡಿ, ಪ್ರತಿ ಸಲದ ಕೂಲಿ, ಯಂತ್ರವನ್ನು ಹೊತ್ತು ಒಯ್ದು ತಂದ ಸಾಗಾಣಿಕೆ, ಎಲ್ಲ ಕೂಡಿಸಿದರೆ ನಾನು ಆ ಯಂತ್ರಕ್ಕೆ ಕೊಟ್ಟ ಬೆಲೆಯನ್ನೇ ಮೀರಿತು.

ಕಾರಣ ಸರಳವಾಗಿದೆ. ನೀರಿನಲ್ಲಿ ಕರಗಿರುವ ಕ್ಯಾಲ್ಸಿಯಂ ಬೈಕಾರ್ಬೊನೇಟು ಕಾದಾಗ ಒಡೆದು ಕಾರ್ಬೊನೇಟಾಗುತ್ತದೆ. ಅದು ಬಿಸಿ ಹೆಚ್ಚಿದಷ್ಟೂ ನೀರಿನಲ್ಲಿ ಕರಗದೆ, ಎಲ್ಲಿ ಅತಿ ಹೆಚ್ಚು ಬಿಸಿಯೋ ಅಲ್ಲಿಯೇ, ಅಂದರೆ ಹೀಟರಿನ ಮೈಮೇಲೆಯೇ ಕೂರುತ್ತದೆ. ಈಗಿನ ಯಂತ್ರಕ್ಕೆ ಮೊದಲ ದಿನದಿಂದಲೇ ತೊಟ್ಟಿಯೊಳಗಿನ ಕಾರ್ಟ್ರಿಜ್ ಹಾಕಿದ್ದೇನೆ. ಎರಡು ತಿಂಗಳು ಅಥವಾ 50 ಲೀಟರ್, ಯಾವುದು ಮೊದಲೋ ಅದಕ್ಕೆ ಬದಲಿಸುತ್ತೇನೆ. ಬಳಕೆ ಕಡಿಮೆಯೆಂದು ಒಂದು ವಾರವನ್ನೂ ಮುಂದೂಡುವುದಿಲ್ಲ.

ಖಾಲಿತೊಟ್ಟಿ:
ಹಬೆಗೊಳವೆಯವರ ಸಂಕಟ ಅರ್ಥವಾಗುತ್ತದೆ, ಆದರೆ ಅವರು ಆ ಸಂಕಟವನ್ನು ಇನ್ನೂ ಕಂತಿನಲ್ಲಿ ಕಟ್ಟುತ್ತಿದ್ದಾರೆ. ನಾನೂ ಅದೇ ಬಗೆಯ ಕಾರ್ಟ್ರಿಜ್ ಬಳಸುತ್ತಿದ್ದವನೇ. ವರ್ಷಕ್ಕೆ ಆರು ಕಾರ್ಟ್ರಿಜ್ಜು, ಪ್ರತಿಯೊಂದನ್ನೂ ತೊಳೆಯಲು ಚೆಲ್ಲುವ ನೀರು, ತಯಾರಕರು ಅಚ್ಚು ಬದಲಿಸಿದಾಗ ಹೊಸ ನಮೂನೆಗೆ ಬೇಕಾದ ಅಡಾಪ್ಟರು. ಲೆಕ್ಕ ಹಾಕಿ ನೋಡಿದರೆ ಮೂರು ವರ್ಷದ ಕಾರ್ಟ್ರಿಜ್ಜುಗಳ ಹಣದಲ್ಲಿ ಒಂದು ಸಣ್ಣ ಆರ್‌ಒ ಘಟಕ ಬರುತ್ತದೆ, ಅದರ ಮೇಲೆ ಕಾಫಿ ಬೀಸುವ ಯಂತ್ರದ ಹಲ್ಲುಗಳನ್ನೂ ಬದಲಿಸಿಕೊಳ್ಳಬಹುದು. ಮೇಲಾಗಿ ನೀರಿನಲ್ಲಿ ಕರಗಿದ ಒಟ್ಟು ಲವಣವನ್ನು ತೋರಿಸುವ ಟಿಡಿಎಸ್ ಮೀಟರನ್ನು ಅದ್ದಿ ನೋಡಿದಾಗ ಫಿಲ್ಟರಿಗೆ ಮೊದಲು ಎಷ್ಟಿತ್ತೋ ನಂತರವೂ ಅಷ್ಟೇ ಇತ್ತು. ಅಂದಿಗೆ ಆ ವ್ಯವಹಾರ ಮುಗಿಯಿತು.

ಈಗ ಆರ್‌ಒ ನೀರಿಗೆ ಪೊಟಾಸಿಯಂ ಬೈಕಾರ್ಬೊನೇಟ್ ಸೇರಿಸಿ ಬಳಸುತ್ತೇನೆ: ಒಂದು ಲೀಟರ್ ನೀರಿನಲ್ಲಿ 10 ಗ್ರಾಂ ಕರಗಿಸಿ ಸಾರದ್ರಾವಣ ಮಾಡಿಟ್ಟು, ಪ್ರತಿ ಲೀಟರಿಗೆ ಅದರಲ್ಲಿ 10 ಮಿಲಿಲೀಟರ್ ಬೆರೆಸಿದರೆ ಲೀಟರಿಗೆ 0.1 ಗ್ರಾಂ ಬೀಳುತ್ತದೆ. ಕ್ಷಾರೀಯತೆ (ಹುಳಿಯನ್ನು ತಣಿಸುವ ನೀರಿನ ಶಕ್ತಿ), ಕ್ಯಾಲ್ಸಿಯಂ ಕಾರ್ಬೊನೇಟಿನ ಲೆಕ್ಕದಲ್ಲಿ, ಲೀಟರಿಗೆ ಸುಮಾರು 50 ಮಿಲಿಗ್ರಾಂ. ಕ್ಯಾಲ್ಸಿಯಂ ಇಲ್ಲದ ಮೇಲೆ ಸುಣ್ಣ ಕಟ್ಟುವುದಾದರೂ ಯಾವುದರಿಂದ? ಬರಿಯ ಆರ್‌ಒ ನೀರನ್ನು ಮಾತ್ರ ಯಾರೂ ಸುರಿಯಬೇಡಿ. ಬಾಯ್ಲರಿನ ಮಟ್ಟದ ಕಡ್ಡಿ ನೀರಿನ ಮೂಲಕ ವಿದ್ಯುತ್ತು ಹರಿಯಿತೇ ಎಂದು ನೋಡಿ ಕೆಲಸ ಮಾಡುವಂಥದ್ದು. ತೀರ ಶುದ್ಧ ನೀರು ಅದರ ಕಣ್ಣಿಗೆ ಬೀಳುವುದಿಲ್ಲ, ಬಾಯ್ಲರ್ ತುಂಬಿದರೂ ಪಂಪು ನಿಲ್ಲುವುದಿಲ್ಲ.

ಹನಿಲೆಕ್ಕ:
ಖಾಲಿತೊಟ್ಟಿಯವರ ನೀರಿನ ಪಾಕಕ್ಕೆ ನನ್ನ ಆಕ್ಷೇಪವಿಲ್ಲ, ಅವರ ಮೀಟರಿನ ಸಾಕ್ಷ್ಯಕ್ಕೆ ಇದೆ. ಟಿಡಿಎಸ್ ಮೀಟರ್ ಗಡಸುತನವನ್ನು ಅಳೆಯುವುದೇ ಇಲ್ಲ. ಅದು ನೀರಿನ ವಿದ್ಯುದ್ವಾಹಕತೆಯನ್ನು ಅಳೆದು, ಒಂದು ಗುಣಕದಿಂದ ಗುಣಿಸಿ ಅಂಕಿ ತೋರಿಸುತ್ತದೆ. ಕಾರ್ಟ್ರಿಜ್ಜಿನೊಳಗಿನ ಸೋಡಿಯಂ ರೂಪದ ರೆಸಿನ್ (ಲವಣದ ಅಂಶಗಳನ್ನು ಅದಲುಬದಲು ಮಾಡುವ ಸಣ್ಣ ಗುಂಡುಗಳು) ಕ್ಯಾಲ್ಸಿಯಮ್ಮನ್ನು ಹಿಡಿದುಕೊಂಡು ಆ ಜಾಗಕ್ಕೆ ಸೋಡಿಯಮ್ಮನ್ನು ಬಿಟ್ಟುಕೊಡುವುದರಿಂದ, ಸುಣ್ಣ ಕಟ್ಟುವ ಅಂಶವೆಲ್ಲ ಹೋಗಿದ್ದರೂ ಮೀಟರಿನ ಅಂಕಿ ಹೆಚ್ಚುಕಡಿಮೆ ಮೊದಲಿನಷ್ಟೇ ಇರುತ್ತದೆ. ಆ ಅಂಕಿಯನ್ನು ನಂಬಿ ಚೆನ್ನಾಗಿ ಕೆಲಸ ಮಾಡುತ್ತಿದ್ದ ಫಿಲ್ಟರನ್ನು ಕಸಕ್ಕೆ ಎಸೆದವರನ್ನು ನಾನು ಎಷ್ಟೋ ಮಂದಿಯನ್ನು ಕಂಡಿದ್ದೇನೆ, ಅವರೆಲ್ಲರೂ ಹೀಗೆಯೇ ಆತ್ಮವಿಶ್ವಾಸದಿಂದ ಬರೆಯುತ್ತಾರೆ.

ನಾನು ನಂಬುವುದು ಹನಿ ಪರೀಕ್ಷೆಯನ್ನು. ನೀರಿಗೆ ದ್ರಾವಣವನ್ನು ಹನಿಹನಿಯಾಗಿ ಹಾಕುತ್ತ ಬಣ್ಣ ತಿರುಗುವವರೆಗೆ ಎಣಿಸಬೇಕು. ಸಾಮಾನ್ಯ ಕಿಟ್ಟಿನಲ್ಲಿ ಒಂದು ಹನಿಗೆ ಒಂದು ಜರ್ಮನ್ ಡಿಗ್ರಿ, ಅಂದರೆ ಕ್ಯಾಲ್ಸಿಯಂ ಕಾರ್ಬೊನೇಟಿನ ಲೆಕ್ಕದಲ್ಲಿ ಲೀಟರಿಗೆ 17.8 ಮಿಲಿಗ್ರಾಂ ಗಡಸುತನ. ಒಟ್ಟು ಗಡಸುತನಕ್ಕೆ ಒಂದು ಬಾಟಲಿ, ಕಾರ್ಬೊನೇಟ್ ಗಡಸುತನಕ್ಕೆ, ಅಂದರೆ ಕ್ಷಾರೀಯತೆಗೆ, ಇನ್ನೊಂದು. ಹೊಸ ಕಾರ್ಟ್ರಿಜ್ ಹಾಕಿದಾಗ ಒಂದೆರಡು ಹನಿಗೇ ಬಣ್ಣ ತಿರುಗುತ್ತದೆ, ರೆಸಿನ್ ದಣಿಯುತ್ತ ಬಂದಂತೆ ಹನಿಗಳು ಏರುತ್ತವೆ. ಯಾವಾಗ ಬದಲಿಸಬೇಕೆಂಬುದನ್ನು ಆ ಏರಿಕೆ ಹೇಳುತ್ತದೆಯೇ ಹೊರತು ಗೋಡೆಯ ಕ್ಯಾಲೆಂಡರ್ ಹೇಳುವುದಿಲ್ಲ. ಎರಡೂ ಬಾಟಲಿ ಸೇರಿ ಅರ್ಧ ಕಾರ್ಟ್ರಿಜ್ಜಿನಷ್ಟೂ ಖರ್ಚಿಲ್ಲ.

ಖಾಲಿತೊಟ್ಟಿ:
‘ಆತ್ಮವಿಶ್ವಾಸದಿಂದ ಬರೆಯುತ್ತಾರೆ’ ಎಂಬ ಚುಚ್ಚುಮಾತು ಅನಗತ್ಯವಾಗಿತ್ತು. ನನ್ನ ಕಾರ್ಟ್ರಿಜ್ಜಿನ ಪೆಟ್ಟಿಗೆಯ ಮೇಲೆ ಸೋಡಿಯಂ ಎಂದು ಎಲ್ಲಿಯೂ ಬರೆದಿರಲಿಲ್ಲ. ಕೆಲವು ಕಾರ್ಟ್ರಿಜ್ಜುಗಳು ಹೈಡ್ರೋಜನ್ ರೂಪದ ರೆಸಿನ್ ಬಳಸುತ್ತವೆ. ಅವು ಕ್ಯಾಲ್ಸಿಯಂ ಹಿಡಿದು ಆಮ್ಲದ ಅಂಶ ಬಿಡುತ್ತವೆ, ಅದು ಬೈಕಾರ್ಬೊನೇಟನ್ನು ಇಂಗಾಲದ ಡೈಆಕ್ಸೈಡಾಗಿ ಒಡೆಯುತ್ತದೆ, ಆಗ ಮೀಟರಿನ ಅಂಕಿ ಇಳಿಯಲೇಬೇಕು. ಇಳಿಯಲಿಲ್ಲವಾದರೆ ಅದು ಸತ್ತ ಕಾರ್ಟ್ರಿಜ್ಜು. ಇದನ್ನು ತಾವು ಹೇಳಲಿಲ್ಲ.

ಹನಿಲೆಕ್ಕ:
ಹೇಳದೆ ಬಿಟ್ಟದ್ದು ಇನ್ನೊಂದಿದೆ, ಅದು ತಮಗೆ ಹಿಡಿಸಲಾರದು. ಹೈಡ್ರೋಜನ್ ರೂಪದ್ದು ಹೊಸದಿದ್ದಾಗ ನೀರಿನ ಕ್ಷಾರೀಯತೆಯನ್ನು ತೀರ ಇಳಿಸಿ ಅದನ್ನು ಹುಳಿಯ ಕಡೆಗೆ ತಳ್ಳುತ್ತದೆ. ಹಿತ್ತಾಳೆ, ತಾಮ್ರದ ಭಾಗಗಳಿಗೆ ಅದು ಒಳ್ಳೆಯದಲ್ಲ, ಕಾಫಿಯೂ ಚುರುಕಾಗಿ ಹುಳಿಯಾಗುತ್ತದೆ. ಸೋಡಿಯಂ ರೂಪದ್ದು ಕ್ಷಾರೀಯತೆಯನ್ನು ಮುಟ್ಟುವುದೇ ಇಲ್ಲ; ಅದು ಹೆಚ್ಚಿರುವ ನೀರಿನಲ್ಲಿ ಕಾಫಿಯ ಹುಳಿಯೆಲ್ಲ ಅಡಗಿ ಸಪ್ಪೆಯಾಗುತ್ತದೆ. ಯಾವ ನೀರಿಗೆ ಯಾವ ರೆಸಿನ್ ಎಂಬುದನ್ನು ಮೊದಲು ಎರಡೂ ಬಾಟಲಿಗಳಿಂದ ಅಳೆದು ತೀರ್ಮಾನಿಸಬೇಕು. ತಾವಾದರೋ ಪೆಟ್ಟಿಗೆಯನ್ನು ಓದಿ ಯಂತ್ರವನ್ನು ತೀರ್ಮಾನಿಸಿದಿರಿ.

ನೇರಕೊಳಾಯಿ:
ತೊಟ್ಟಿಯವರ ಜಗಳ ಓದಲು ಸೊಗಸಾಗಿದೆ. ನನ್ನ ಯಂತ್ರ ನೇರವಾಗಿ ಕೊಳವೆಗೆ ಜೋಡಣೆಯಾಗಿದೆ, ಆದ್ದರಿಂದ ತೊಟ್ಟಿ ತುಂಬುವ ಗೋಜೇ ಇಲ್ಲ. ಮೊದಲು ಒತ್ತಡ ಇಳಿಸುವ ವಾಲ್ವು, ಅದನ್ನು 2ರಿಂದ 3 ಬಾರ್ ನಡುವೆ ನಿಲ್ಲಿಸಿದ್ದೇನೆ. ನಂತರ ಮರಳನ್ನೂ ತುಕ್ಕಿನ ಚೂರನ್ನೂ ತಡೆಯುವ ಪದರದ ಫಿಲ್ಟರ್, ಆಮೇಲೆ ಬೈಪಾಸ್ ಇರುವ ದೊಡ್ಡ ಕಾರ್ಟ್ರಿಜ್. ನೀರಿನ ಕಾರ್ಬೊನೇಟ್ ಗಡಸುತನ ಎಷ್ಟೆಂದು ನೋಡಿ ಬೈಪಾಸಿನ ತಿರುಗುಣಿಯನ್ನು ಹೊಂದಿಸಿದರೆ ಸ್ವಲ್ಪ ನೀರು ರೆಸಿನನ್ನು ತಪ್ಪಿಸಿ ಹೋಗಿ ಮತ್ತೆ ಬೆರೆಯುತ್ತದೆ, ಹಾಗಾಗಿ ನೀರು ಪೂರ್ತಿ ಬರಡಾಗುವುದಿಲ್ಲ.

ಸುಖವಾಗಿ ಆಯಿತೆಂದು ಹೇಳಲಾರೆ. ಜೋಡಿಸಲು ಬಂದ ಕೆಲಸಗಾರ ಹಿತ್ತಾಳೆಯ ಜೋಡಣೆಯ ತಿರುಪಿಗೆ ಬಿಳಿ ಟೇಪನ್ನು ತುದಿಯವರೆಗೂ ಸುತ್ತಿದ. ಆ ಟೇಪಿನ ಎಳೆಯೊಂದು ಹರಿದು ನೀರಿನೊಂದಿಗೆ ಸಾಗಿ, ವಿದ್ಯುತ್ತಿನಿಂದ ತೆರೆದು ಮುಚ್ಚುವ ಸೊಲೆನಾಯ್ಡ್ ವಾಲ್ವಿನ ಬಾಯಲ್ಲಿ ಕೂತು, ವಾಲ್ವು ಪೂರ್ತಿ ಮುಚ್ಚದೆ, ಬಾಯ್ಲರ್ ರಾತ್ರಿಯೆಲ್ಲ ತುಂಬುತ್ತಲೇ ಇತ್ತು. ಅಲ್ಲದೆ ಕಾರ್ಟ್ರಿಜ್ಜಿನ ತಲೆಯ ಓ-ರಿಂಗ್ ಸೊಟ್ಟಗೆ ಕೂತು ಕಪಾಟಿನ ಹಲಗೆ ಉಬ್ಬಿ ಬಾಗಿಲು ಹಾಕಲು ಬಾರದಂತಾಯಿತು. ಹಲಗೆ, ಕೂಲಿ, ಹೊಸ ವಾಲ್ವು, ನೀರು ಸೋರಿದರೆ ತಾನೇ ಮುಚ್ಚಿಕೊಳ್ಳುವ ಸಾಧನವೊಂದು, ಎಲ್ಲ ಸೇರಿ ಫಿಲ್ಟರಿನ ಬೆಲೆ ಅದರ ಮುಂದೆ ಲೆಕ್ಕಕ್ಕೇ ಬರಲಿಲ್ಲ. ಆದರೂ ಹಿಂದಿರುಗಿ ತೊಟ್ಟಿಗೆ ಹೋಗುವ ಮಾತಿಲ್ಲ. ಹೊಸ ಕಾರ್ಟ್ರಿಜ್ಜಿನಿಂದ ಮೊದಲು ಬರುವ ಕಪ್ಪು ಇದ್ದಿಲ ಪುಡಿಯ ನೀರನ್ನು ತಿಳಿಯಾಗುವ ತನಕ ಬಕೆಟ್ಟಿಗೆ ಬಿಟ್ಟು, ಆಮೇಲೆಯೇ ಯಂತ್ರಕ್ಕೆ ಜೋಡಿಸಬೇಕು ಎಂಬುದನ್ನು ಮಾತ್ರ ಕೆಲಸಗಾರರಿಗೆ ಎದುರು ನಿಂತು ಹೇಳಿ ಮಾಡಿಸಿ.

ಇನ್ನು ಇಲ್ಲಿ ಯಾರೂ ಕ್ಲೋರೈಡಿನ ಹೆಸರೆತ್ತಿಲ್ಲ. ಸುಣ್ಣವನ್ನು ಆಮ್ಲದಿಂದ ಕರಗಿಸಬಹುದು. ಕ್ಲೋರೈಡು ಸ್ಟೇನ್‌ಲೆಸ್ ಬಾಯ್ಲರಿನಲ್ಲಿ ಕೊರೆದ ಸೂಜಿಮೊನೆಯ ತೂತನ್ನು ಯಾವ ಆಮ್ಲವೂ ಮುಚ್ಚದು. ಇದ್ದಿಲು ಕ್ಲೋರಿನ್ನನ್ನು ತೆಗೆಯುತ್ತದೆ, ಕ್ಲೋರೈಡನ್ನಲ್ಲ. ಗಡಸುತನ ತೆಗೆಯುವ ರೆಸಿನ್ ಕೂಡ ಅದನ್ನು ಹಾಗೆಯೇ ಬಿಡುತ್ತದೆ. ಅದು ಹೆಚ್ಚಿರುವ ನೀರಿಗೆ ಆರ್‌ಒ ಬಿಟ್ಟು ಮನೆಯಲ್ಲಿ ಬೇರೆ ಸುಲಭದ ದಾರಿಯಿಲ್ಲ ಎಂಬುದನ್ನು, ಆರ್‌ಒ ಹಾಕಿಸದ ನಾನೇ ಹೇಳುತ್ತಿದ್ದೇನೆ. ನಮ್ಮ ನೀರಿನಲ್ಲಿ ಅದು ಕಡಿಮೆಯಿದೆ, ಪ್ರಯೋಗಾಲಯದಲ್ಲಿ ನೋಡಿಸಿಯೇ ಈ ದಾರಿ ಹಿಡಿದೆ.

ನಿಂಬೆಹುಳಿ:
ಇಷ್ಟೊಂದು ಕೊಳವೆ, ರೆಸಿನ್, ಬಾಟಲಿಗಳ ಸಂಸಾರ ನೋಡಿ ಬೆರಗಾಗಿದ್ದೇನೆ. ನಾನು ಯಾವ ಫಿಲ್ಟರನ್ನೂ ಹಾಕಿಲ್ಲ. ಒಂದೇ ಬಾಯ್ಲರಿನ ಸಣ್ಣ ಯಂತ್ರ, ನಿಗದಿತವಾಗಿ ಸಿಟ್ರಿಕ್ ಆಮ್ಲದಿಂದ ಡೀಸ್ಕೇಲ್ ಮಾಡುತ್ತೇನೆ, ಅಂದರೆ ಸುಣ್ಣವನ್ನು ಕರಗಿಸಿ ತೊಳೆಯುತ್ತೇನೆ, ಬಹಳ ವರ್ಷಗಳಿಂದ ಒಂದು ಗ್ಯಾಸ್ಕೆಟ್ ಬಿಟ್ಟು ಬೇರೇನನ್ನೂ ಬದಲಿಸಿಲ್ಲ. ಒಂದು ಪೊಟ್ಟಣ ಆಮ್ಲದ ಹಣಕ್ಕೆ ಕಾರ್ಟ್ರಿಜ್ಜಿನ ಮುಚ್ಚಳವೂ ಬಾರದು. ಫಿಲ್ಟರ್ ಮಾರುವವರು ಹೆದರಿಸುತ್ತಾರೆ, ಹೆದರಿದವರು ಕೊಳ್ಳುತ್ತಾರೆ.

ಹಬೆಗೊಳವೆ:
ನಿಂಬೆಹುಳಿಯವರೇ, ತಮ್ಮ ಯಂತ್ರಕ್ಕೆ ಸಲ್ಲುವುದನ್ನು ಎಲ್ಲರ ಯಂತ್ರಕ್ಕೂ ಹೇಳುವುದು ಹೊಣೆಗೇಡಿತನ. ಕೇಳಿದವರದು ಹೀಟ್ ಎಕ್ಸ್‌ಚೇಂಜರ್; ಅದರ ಹಬೆಯ ಬಾಯ್ಲರಿಗೆ ಆಮ್ಲ ತುಂಬಿ, ಮತ್ತೆ ಪೂರ್ತಿ ತೊಳೆದು ತೆಗೆಯುವುದು ಎಷ್ಟು ಕಷ್ಟವೆಂಬುದು ತಮಗೆ ತಿಳಿದಂತಿಲ್ಲ. ದಪ್ಪ ಸುಣ್ಣವಿರುವ ಬಾಯ್ಲರಿಗೆ ಆಮ್ಲ ಹಾಕಿದರೆ ಅದು ಕರಗುವ ಮೊದಲು ಚೂರುಚೂರಾಗಿ ಕಳಚಿ ಜೆಟ್ಟಿಗೂ ಸೊಲೆನಾಯ್ಡಿಗೂ ಹೋಗಿ ಕೂರುತ್ತದೆ. ಸಿಟ್ರಿಕ್ ಆಮ್ಲ ತುಂಬ ಬಿಸಿಯಾದರೆ ಕ್ಯಾಲ್ಸಿಯಂ ಸಿಟ್ರೇಟ್ ಆಗಿ ತಾನೇ ತಳ ಹಿಡಿಯುತ್ತದೆ. ಬಾಯ್ಲರ್ ಅಲ್ಯೂಮಿನಿಯಮ್ಮಿನದಾಗಿದ್ದರೆ ಲೋಹವನ್ನೇ ತಿನ್ನುತ್ತದೆ. ಜೋಡಿ ಬಾಯ್ಲರಿನ ಕೆಲವು ತಯಾರಕರು ಮನೆಯಲ್ಲಿ ಡೀಸ್ಕೇಲ್ ಮಾಡಲೇಬಾರದೆಂದು ಕೈಪಿಡಿಯಲ್ಲಿ ಬರೆದಿರುವುದು ಇದಕ್ಕಾಗಿಯೇ.

ನಿಂಬೆಹುಳಿ:
ತಣ್ಣಗೆ, ತೆಳುವಾದ ದ್ರಾವಣದಲ್ಲಿ, ಪದರ ಕಟ್ಟುವ ಮೊದಲೇ ಮಾಡುವವನಿಗೆ ಈ ಯಾವ ಕಷ್ಟವೂ ಬರುವುದಿಲ್ಲ. ಇನ್ನೊಬ್ಬರು ಕೆಡಿಸಿದ ಯಂತ್ರವನ್ನು ಕೊಂಡ ಸಿಟ್ಟನ್ನು ಆಮ್ಲದ ಮೇಲೆ ತೀರಿಸಿಕೊಳ್ಳಬೇಡಿ.

ಹೊಸನೊರೆ:
ಎಲ್ಲರಿಗೂ ವಂದನೆಗಳು. ಪಂಪಿನ ಸದ್ದಿನ ಬಗ್ಗೆ ಮಾತ್ರ ಯಾರೂ ಏನೂ ಹೇಳಲಿಲ್ಲ. ಅದು ಈಗಲೂ ಹಾಗೆಯೇ ಇದೆ.

ಹನಿಲೆಕ್ಕ:
ಕಾರ್ಟ್ರಿಜ್ಜಿನಲ್ಲಿ ಗಾಳಿ ಸಿಕ್ಕಿಕೊಂಡಿದೆ. ಕೂಡಲೇ ಯಂತ್ರವನ್ನು ನಿಲ್ಲಿಸಿ. ಈ ಕಂಪಿಸುವ ಪಂಪುಗಳು ತಮ್ಮ ಮೂಲಕ ಹರಿಯುವ ನೀರಿನಿಂದಲೇ ತಂಪಾಗುವಂಥವು, ಗಾಳಿಯನ್ನೇ ಎಳೆಯುತ್ತಿದ್ದರೆ ಬೇಗ ಕಾದು ಕೆಡುತ್ತವೆ. ಕಾರ್ಟ್ರಿಜ್ಜನ್ನು ತೆಗೆದು ತಣ್ಣೀರಿನಲ್ಲಿ ಮುಳುಗಿಸಿ, ಬಾಯಿ ಮೇಲೆ ಮಾಡಿ, ಗುಳ್ಳೆ ಬರುವುದು ನಿಲ್ಲುವ ತನಕ ಮೆಲ್ಲಗೆ ತಟ್ಟುತ್ತ ಇರಿ. ಅದನ್ನು ಮತ್ತೆ ಸಿಕ್ಕಿಸುವಾಗ ಹೀರುಕೊಳವೆಯ ರಬ್ಬರ್ ಉಂಗುರ ಸುತ್ತಲೂ ಸಮವಾಗಿ ಕೂತಿದೆಯೇ ನೋಡಿ. ನಂತರ ಬಿಸಿನೀರಿನ ನಲ್ಲಿಯನ್ನು ತೆರೆದು, ನಡುನಡುವೆ ಪಂಪಿಗೆ ಬಿಡುವು ಕೊಡುತ್ತ ನೀರನ್ನು ಎಳೆಯಲು ಬಿಡಿ. ಅಷ್ಟಾದ ಮೇಲೂ ಧಾರೆ ಸಣ್ಣದಿದ್ದರೆ ಕಾರ್ಟ್ರಿಜ್ಜಿಲ್ಲದೆ ಒಮ್ಮೆ ಓಡಿಸಿ ನೋಡಿ. ಆಗ ಸರಿಯಿದ್ದರೆ ದೋಷ ಕಾರ್ಟ್ರಿಜ್ಜಿನದು, ಇಲ್ಲದಿದ್ದರೆ ಕೊಳವೆ ಎಲ್ಲಿಯೋ ಮಡಚಿಕೊಂಡಿದೆ.

ಖಾಲಿತೊಟ್ಟಿ:
ಇಷ್ಟು ಪೂಜೆ ಮಾಡಿದ ಮೇಲೂ ಎರಡು ತಿಂಗಳಿಗೆ ಅದನ್ನು ಎಸೆಯಬೇಕು, ಹಬೆಗೊಳವೆಯವರ ಪ್ರಕಾರ.

ಹಬೆಗೊಳವೆ:
ಎಸೆಯಲೇಬೇಕು. ಒದ್ದೆಯ ಇದ್ದಿಲು, ಕ್ಲೋರಿನ್ ಹೋದ ನೀರು, ಬೆಚ್ಚಗಿನ ಯಂತ್ರದ ಪಕ್ಕ. ಸೂಕ್ಷ್ಮಜೀವಿಗಳಿಗೆ ಇದಕ್ಕಿಂತ ಅನುಕೂಲದ ಮನೆ ಇನ್ನೊಂದಿಲ್ಲ. ಹನಿಲೆಕ್ಕದವರ ಹನಿಗಳು ಗಡಸುತನವನ್ನು ಹೇಳುತ್ತವೆ, ಒಳಗೆ ಕಟ್ಟಿದ ಲೋಳೆಯನ್ನು ಹೇಳುವುದಿಲ್ಲ. ಬಳಕೆ ಕಡಿಮೆಯಿದ್ದಷ್ಟೂ ನೀರು ನಿಂತಿರುವುದು ಹೆಚ್ಚು.

ಹನಿಲೆಕ್ಕ:
ಈ ಒಂದು ಮಾತನ್ನು ಒಪ್ಪುತ್ತೇನೆ. ರೆಸಿನ್ ಬಾಳುವುದು ಹನಿಯ ಲೆಕ್ಕದಲ್ಲಿ, ಇದ್ದಿಲು ಮತ್ತು ಶುಚಿ ಕ್ಯಾಲೆಂಡರಿನ ಲೆಕ್ಕದಲ್ಲಿ. ಎರಡರಲ್ಲಿ ಮೊದಲು ಮುಗಿದದ್ದಕ್ಕೆ ಬದಲಿಸಲಿ. ಸೋಡಿಯಂ ರೂಪದ, ಮರುಬಳಕೆಗೆಂದೇ ಮಾಡಿದ ಕಾರ್ಟ್ರಿಜ್ಜಾದರೆ ಉಪ್ಪುನೀರಿನಲ್ಲಿ ನೆನೆಸಿ ಮತ್ತೆ ಜೀವ ತುಂಬಬಹುದು, ನಾನು ಹಾಗೆಯೇ ಮಾಡುತ್ತೇನೆ.

ನೇರಕೊಳಾಯಿ:
ಉಪ್ಪುನೀರು! ಕ್ಲೋರೈಡಿನ ಬಗ್ಗೆ ನಾನು ಬರೆದದ್ದನ್ನು ಯಾರೂ ಓದಿಲ್ಲವೆಂದಾಯಿತು. ಉಪ್ಪೆಂದರೆ ಸೋಡಿಯಂ ಕ್ಲೋರೈಡ್. ಸರಿಯಾಗಿ ತೊಳೆಯದ ಕಾರ್ಟ್ರಿಜ್ಜನ್ನು ತೊಟ್ಟಿಯಲ್ಲಿ ಇಟ್ಟರೆ ಅದು ನೇರವಾಗಿ ಸ್ಟೇನ್‌ಲೆಸ್ ಬಾಯ್ಲರಿಗೆ ಹೋಗುತ್ತದೆ.

ಹನಿಲೆಕ್ಕ:
ಉಪ್ಪಿನ ರುಚಿ ಪೂರ್ತಿ ಹೋಗುವ ತನಕ ತೊಳೆದು, ಆಮೇಲೂ ಒಂದು ತೊಟ್ಟಿ ನೀರನ್ನು ಚೆಲ್ಲುತ್ತೇನೆ. ತಾವು ಟೇಪಿನ ಎಳೆಯನ್ನು ವಾಲ್ವಿಗೆ ಬಿಟ್ಟವರಿಗೆ ಎಚ್ಚರಿಕೆ ಹೇಳಿ, ನನಗಲ್ಲ.

ನೇರಕೊಳಾಯಿ:
ಟೇಪು ಸುತ್ತಿದವನು ನಾನಲ್ಲ ಎಂದು ಬರೆದಿದ್ದೇನೆ. ಹೊಸನೊರೆಯವರು ಏನನ್ನೇ ಆರಿಸಿಕೊಳ್ಳಲಿ, ಹಬೆಯ ಬಾಯ್ಲರನ್ನು ಮರೆಯದಿರಲಿ. ಹಬೆಯಾಗಿ ಹೊರಹೋಗುವುದು ಬರಿಯ ನೀರು, ಅದರಲ್ಲಿದ್ದ ಲವಣವೆಲ್ಲ ಒಳಗೇ ಉಳಿದು ದಿನದಿನಕ್ಕೂ ದಟ್ಟವಾಗುತ್ತದೆ. ಫಿಲ್ಟರಿನ ನೀರಾದರೂ, ಖಾಲಿತೊಟ್ಟಿಯವರ ಪಾಕವಾದರೂ ಇದು ತಪ್ಪಿದ್ದಲ್ಲ. ಹಾಲಿನ ನೊರೆ ಹೆಚ್ಚು ಮಾಡುವವರು ವಾರಕ್ಕೊಮ್ಮೆಯಾದರೂ ಬಿಸಿನೀರಿನ ನಲ್ಲಿಯಿಂದ ದೊಡ್ಡ ಪಾತ್ರೆ ತುಂಬ ನೀರನ್ನು ಇಳಿಸಿ ಚೆಲ್ಲಬೇಕು, ಆಗ ಹೊಸ ನೀರು ಒಳಗೆ ಬರುತ್ತದೆ.

ಖಾಲಿತೊಟ್ಟಿ:
ನನ್ನ ಪಾಕದಲ್ಲಿ ಕ್ಯಾಲ್ಸಿಯಮ್ಮೇ ಇಲ್ಲವೆಂದು ಮೇಲೆಯೇ ಹೇಳಿದ್ದೇನೆ. ದಟ್ಟವಾದರೂ ಕಟ್ಟುವುದೇನು?

ನೇರಕೊಳಾಯಿ:
ಕಟ್ಟದಿರಬಹುದು. ಆದರೆ ಕ್ಷಾರ ಏರಿದ ನೀರು ಕುದಿಯುವಾಗ ಬುರುಗು ಎದ್ದು, ಹಬೆಯ ಜೊತೆಗೆ ಹನಿಗಳೂ ಹಾಲಿಗೆ ಬರುತ್ತವೆ. ನಲ್ಲಿಯನ್ನು ಒಮ್ಮೆ ತೆರೆದು ಅರ್ಧ ಬಾಯ್ಲರ್ ಇಳಿಸಿ ನೋಡಿ, ಹೊರಬಂದ ನೀರಿಗೆ ಹನಿಲೆಕ್ಕದವರ ಎರಡನೆಯ ಬಾಟಲಿಯನ್ನು ಹಿಡಿಯಿರಿ, ತೊಟ್ಟಿಯ ನೀರಿಗೂ ಹಿಡಿಯಿರಿ, ಎರಡೂ ಅಂಕಿಗಳನ್ನು ಇಲ್ಲಿ ಬರೆಯಿರಿ. ಆಮೇಲೆ ವಾದಿಸೋಣ.