ಹೆಕ್ಕಿ ತಂದು ಅಂಟಿಸಿದ್ದಕ್ಕೆ ಕನ್ನಡದಲ್ಲಿ ಏನೆನ್ನಬೇಕು?

ನಾಳೆ ಬೆಳಿಗ್ಗೆಯೊಳಗೆ ಒಂದು ಪದ ಬೇಕಿತ್ತು. ಕಾಸರಗೋಡಿನಲ್ಲಿ ನನ್ನ ಗೆಳತಿಯ ಚಿತ್ರಪ್ರದರ್ಶನ ಇದೆ. ಬಸ್ ಟಿಕೇಟು, ಬೀಡಿ ಕಟ್ಟಿನ ಲೇಬಲ್ಲು, ಅಡಿಕೆ ಹಾಳೆ, ಒಡೆದ ಹಂಚು, ತುಕ್ಕು ಹಿಡಿದ ಚಿಲಕ, ಹೀಗೆ ದಾರಿಯಲ್ಲಿ ಬಿದ್ದದ್ದನ್ನೆಲ್ಲ ತಂದು ಹಲಗೆಗೆ ಅಂಟಿಸಿ ಮೇಲೆ ಬಣ್ಣ ಬಳಿಯುತ್ತಾಳೆ. ಬೋರ್ಡು ಮಲಯಾಳ, ಕನ್ನಡ ಎರಡರಲ್ಲೂ ಆಗಬೇಕು. ಮಲಯಾಳದ್ದು ಆಗಿದೆ. ಕನ್ನಡಕ್ಕೆ ಯಾರೋ ‘ದೊರೆತ ವಸ್ತುಗಳ ಮಿಶ್ರಮಾಧ್ಯಮ ಕೊಲಾಜ್’ ಎಂದು ಬರೆದುಕೊಟ್ಟಿದ್ದಾರೆ. ಪೊಲೀಸರು ಜಪ್ತಿ ಮಾಡಿದ ಸಾಮಾನಿನ ಪಟ್ಟಿಯ ಹಾಗಿದೆ, ಅಲ್ವಾ?

ನೀರ್ಚಾಲಿನಿಂದ:
ಅಂಟುಚಿತ್ರ. ಮುಗಿಯಿತು. ಕೊಲಾಜ್ ಬಂದದ್ದು ಫ್ರೆಂಚಿನ ‘ಕೊಲೇ’ಯಿಂದ, ಅಂದರೆ ಅಂಟಿಸು. ಅದಕ್ಕೂ ಹಿಂದೆ ಗ್ರೀಕಿನ ‘ಕೊಲ್ಲ’, ಅಂಟು. ನಮ್ಮಲ್ಲೇ ಅಂಟು ಇರುವಾಗ ಪ್ಯಾರಿಸಿಗೆ ಯಾಕೆ ಹೋಗಬೇಕು?

ಕುಂಬಳೆಯಿಂದ:
ಮಾಸ್ಟ್ರೇ, ಅಂಟುಚಿತ್ರ ಅಂದರೆ ಮಕ್ಕಳ ಸ್ಟಿಕ್ಕರ್. ಅಂಟುಜಾಡ್ಯವೂ ನೆನಪಾಗುತ್ತದೆ. ತೊಡಕಿರುವುದು ಕೊಲಾಜಿನಲ್ಲಲ್ಲ, ‘ದೊರೆತ’ದಲ್ಲಿ. ಅವು ತಾವಾಗಿ ದೊರೆತದ್ದಲ್ಲ, ಆಕೆ ಬಗ್ಗಿ ಹೆಕ್ಕಿದ್ದು. ತೋಟದಲ್ಲಿ ನಾವು ಅಡಿಕೆ ಹೆಕ್ಕುವುದಿಲ್ಲವಾ? ಹವ್ಯಕರು ‘ಹೆರ್ಕು’ ಅನ್ನುತ್ತಾರೆ, ಮಲಯಾಳದಲ್ಲಿ ‘ಪೆರುಕ್ಕುಕ’. ಪಕಾರ ಹಕಾರ ಆದದ್ದು ಬಿಟ್ಟರೆ ಬೇರು ಒಂದೇ. ಹೆಕ್ಕುವಾಗ ಕಣ್ಣೂ ಕೆಲಸ ಮಾಡುತ್ತದೆ. ಕೊಳೆತದ್ದನ್ನು ಅಲ್ಲೇ ಬಿಡುತ್ತೇವಲ್ಲ.

ಮಂಜೇಶ್ವರದಿಂದ:
ಗುಜರಿ ಚಿತ್ರ ಅನ್ನಿ. ಎಲ್ಲರಿಗೂ ತಿಳಿಯುತ್ತದೆ.

ನೀರ್ಚಾಲಿನಿಂದ:
ಗುಜರಿ ಕನ್ನಡವೇ ಅಲ್ಲ. ಉರ್ದುವಿನ ‘ಗುಜ್ರಿ’, ದಾರಿಬದಿಯ ಸಂಜೆಸಂತೆ. ಮೊದಲೇ ಇಲ್ಲಿ ಒಂದು ಕನ್ನಡ ಬೋರ್ಡು ಹಾಕಿಸಬೇಕಾದರೆ ಸಾಕೋಸಾಕು. ಕಾಸರಗೋಡು ಕೇರಳಕ್ಕೆ ಸೇರಿದ 1956ರಿಂದ ಅದಕ್ಕೇ ಬಡಿದಾಡುತ್ತಿದ್ದೇವೆ. ಹಾಕಿಸಿದ ಒಂದರಲ್ಲೂ ಎರವಲು ತುಂಬಬೇಕಾ?

ಮಂಜೇಶ್ವರದಿಂದ:
‘ಬೋರ್ಡು’ ಯಾವ ಭಾಷೆ ಮಾಸ್ಟ್ರೇ? ಚಾವಿ, ಬಟಾಟೆ ಎರಡೂ ಪೋರ್ಚುಗೀಸರು ಕೊಟ್ಟದ್ದು. ನಿಮ್ಮ ಮನೆಯ ಬಾಗಿಲು ತೆರೆಯುವುದಿಲ್ಲವಾ? ಸಾಂಬಾರು ಬೇಯುವುದಿಲ್ಲವಾ?

ನೀರ್ಚಾಲಿನಿಂದ:
ಚಾವಿಗೆ ಬೀಗದಕೈ ಇದೆ. ಸುಮ್ನೆ ವಾದ ಬೇಡ.

ಕುಂಬಳೆಯಿಂದ:
ಬಟಾಟೆಗೆ ಉತ್ತರ ಬರಲಿಲ್ಲ, ಇರಲಿ. ಜರ್ಮನಿಯ ಕುರ್ಟ್ ಶ್ವಿಟರ್ಸ್ ಎಂಬ ಕಲಾವಿದನೂ ಟ್ರಾಮ್ ಟಿಕೇಟು, ಹರಿದ ಕಾಗದ ಅಂಟಿಸಿಯೇ ಚಿತ್ರ ಮಾಡುತ್ತಿದ್ದ. 1919ರಲ್ಲಿ ಅವಕ್ಕೆ ‘ಮೆರ್ಜ್’ ಎಂದು ಹೆಸರಿಟ್ಟ. ಅರ್ಥ ಏನೂ ಇಲ್ಲ. ಬ್ಯಾಂಕಿನ ಜಾಹೀರಾತು ಕತ್ತರಿಸಿದಾಗ ‘ಕೊಮೆರ್ಜ್’ ಎಂಬ ಪದದಲ್ಲಿ ಉಳಿದ ತುಂಡು ಅದು. ಹೆಸರೂ ಹೆಕ್ಕಿದ್ದೇ! ಹಾಗಾಗಿ ‘ಹೆಕ್ಕಿದ್ದು’ ಅಂತಲೇ ದೊಡ್ಡದಾಗಿ ಹಾಕಿ. ಕೊಲಾಜ್ ಪಕ್ಕದಲ್ಲಿ ಇರಲಿ, ಅದರಿಂದ ಯಾರಿಗೂ ತೊಂದರೆ ಇಲ್ಲ.

ಕೇಳಿದವಳು:
‘ಹೆಕ್ಕಿದ್ದು: ಕೊಲಾಜ್ ಚಿತ್ರಗಳು’ ಅಂತ ಈಗಷ್ಟೇ ಪ್ರೆಸ್ಸಿಗೆ ಕಳಿಸಿದೆ. ಮಿಶ್ರಮಾಧ್ಯಮ ಕೆಳಗೆ ಸಣ್ಣಕ್ಷರದಲ್ಲಿ. ಗೆಳತಿಗೆ ಹೇಳಿದರೆ ನಗು ತಡೆಯಲಿಲ್ಲ. ‘ಇವತ್ತೇನು ಹೆಕ್ಕಿಕೊಂಡು ಬಂದೆ ಮಾರಾಯ್ತಿ’ ಅಂತ ಅಮ್ಮ ದಿನಾ ಬೈಯುವುದಂತೆ.

ನೀರ್ಚಾಲಿನಿಂದ:
ಪ್ರೆಸ್ಸಲ್ಲ, ಅಚ್ಚುಕೂಟ.