ಮೊದಲ ಸಲ ಬೋರ್ಡಿಂಗ್‌ಗೆ ಬಿಡುವ ನಾಯಿಗೆ ಮೂರು ವಾರದ ತಯಾರಿ

ಪ್ರಶ್ನೆ: ಡಾಕ್ಟ್ರೇ, ದೀಪಾವಳಿಗೆ ಐದು ದಿನ ಊರಿಗೆ ಹೋಗ್ತಿದ್ದೀವಿ. ನಮ್ಮದು ನಾಟಿ ಹೆಣ್ಣುನಾಯಿ, ಎರಡು ವರ್ಷ, 18 ಕೆಜಿ. ಮನೆ ಬಿಟ್ಟು ಒಂದು ರಾತ್ರಿಯೂ ಇದ್ದಿಲ್ಲ. ಬೆಂಗಳೂರಲ್ಲೇ ಬೋರ್ಡಿಂಗ್ (ಯಜಮಾನರು ಇಲ್ಲದಾಗ ನಾಯಿ ನೋಡ್ಕೊಳ್ಳೋ ಜಾಗ) ಬುಕ್ ಮಾಡಿದ್ದೀವಿ, ಇನ್ನು ಮೂರು ವಾರ ಇದೆ. ಏನೇನು ಮಾಡ್ಕೋಬೇಕು?

ಉತ್ತರ (ಪಶುವೈದ್ಯೆ): ಇವತ್ತೇ ಲಸಿಕೆ ಪುಸ್ತಕ ತೆಗೆದು ನೋಡಿ. ರೇಬಿಸ್, ಡಿಸ್ಟೆಂಪರ್-ಪಾರ್ವೊ, ಇಲಿಜ್ವರದ ಲಸಿಕೆಗಳ ವಾಯಿದೆ ಮುಗಿದಿದ್ದರೆ ಈ ವಾರವೇ ಹಾಕಿಸಿ. ಕೆನಲ್ ಕೆಮ್ಮಿನದೂ (ನಾಯಿಗಳು ಒಟ್ಟಿಗಿರುವ ಕಡೆ ಹರಡುವ ಕೆಮ್ಮು) ಬೇಕು. ಚುಚ್ಚುಮದ್ದಾದರೆ ಮೊದಲ ಸಲ ಎರಡು ಡೋಸ್, ನಡುವೆ 2ರಿಂದ 4 ವಾರ. ಎರಡನೇ ಡೋಸ್ ಆದ ಮೇಲೂ ರಕ್ಷಣೆ ಹುಟ್ಟೋಕೆ ದಿನ ಬೇಕು, ನಿಮಗೆ ಅಷ್ಟು ಹೊತ್ತಿಲ್ಲ, ಮೂಗಿಗೆ ಬಿಡುವ ಹನಿ ಕೇಳಿ, ಅದು ಒಂದೇ ಸಲ. ಹೊರಡುವ ಹಿಂದಿನ ದಿನ ಹಾಕಿಸಿದರೆ ಮೈಯಲ್ಲಿ ರಕ್ಷಣೆ ಹುಟ್ಟಿರೋದಿಲ್ಲ.

ಉಣ್ಣೆಹುಳದ ಮಾತ್ರೆ ಒಂದು ವಾರ ಮುಂಚೆ, ಊಟದ ಜೊತೆ. ಹಿಂದೆ ಫಿಟ್ಸ್ ಬಂದಿದ್ದರೆ ಮೊದಲೇ ಹೇಳಿ, ಬೇರೆ ಮದ್ದು ಕೊಡಬೇಕಾಗುತ್ತೆ. ಮರಿ ಆಗದ ಹಾಗೆ ಆಪರೇಷನ್ ಮಾಡಿಸಿಲ್ಲದಿದ್ದರೆ ಬೆದೆಯ ತಾರೀಕನ್ನೂ ಲೆಕ್ಕ ಹಾಕಿ.

ಇಷ್ಟೆಲ್ಲಕ್ಕಿಂತ ದೊಡ್ಡದು ಅಭ್ಯಾಸ. ಈ ಭಾನುವಾರ ಅಲ್ಲಿ ನಾಲ್ಕು ಗಂಟೆ ಬಿಡಿ, ಮುಂದಿನ ವಾರ ಒಂದು ರಾತ್ರಿ. ಬಿಟ್ಟು ಹೋದವರು ವಾಪಸ್ ಬರ್ತಾರೆ ಅನ್ನೋದು ಅದಕ್ಕೆ ಗೊತ್ತಾಗೋದು ಹೀಗೆ ಮಾತ್ರ. ನೇರ ಐದು ರಾತ್ರಿ ಬಿಡಲೇಬೇಡಿ.

ಪ್ರಶ್ನೆ: ಮನೇಲಿ ಕೋಳಿ-ಅನ್ನ, ಮೊಸರನ್ನ ತಿನ್ನುತ್ತೆ. ಅಲ್ಲಿ ಒಣ ಫುಡ್ ಮಾತ್ರವಂತೆ.

ಉತ್ತರ (ಪಶುವೈದ್ಯೆ): ಬೋರ್ಡಿಂಗ್‌ನಲ್ಲಿ ಭೇದಿ ಶುರುವಾಗೋದು ಹೆಚ್ಚಾಗಿ ಇಲ್ಲಿಂದಲೇ. ಗಾಬರಿಯಿಂದ ಮೊದಲೇ ಕರುಳು ಕೆಟ್ಟಿರುತ್ತೆ, ಅದೇ ದಿನ ಊಟವೂ ಬದಲಾದರೆ ತಡೆಯಲ್ಲ. ಅವರು ಕೊಡುವ ಬ್ರ್ಯಾಂಡೇ ತಂದು ಮನೇಲೇ ಬದಲಾಯಿಸಿ: ಮೊದಲ ಎರಡು ದಿನ ತಟ್ಟೆಯಲ್ಲಿ ಕಾಲು ಭಾಗ ಒಣ ಫುಡ್, 3-4ನೇ ದಿನ ಅರ್ಧ, 5-6ನೇ ದಿನ ಮುಕ್ಕಾಲು, ಏಳನೇ ದಿನ ಪೂರ್ತಿ. ಮಲ ತೆಳುವಾದರೆ ಹಿಂದಿನ ಅಳತೆಗೆ ಇಳಿದು ಎರಡು ದಿನ ಅಲ್ಲೇ ನಿಲ್ಲಿ. ಒಣ ಫುಡ್ ಮೂಸಿ ಬಿಟ್ಟರೆ ಮೇಲೆ ಕೋಳಿ ಬೇಯಿಸಿದ ನೀರು ನಾಲ್ಕು ಚಮಚ ಹಾಕಿ, ಆ ನೀರಲ್ಲಿ ಉಪ್ಪು, ಈರುಳ್ಳಿ, ಬೆಳ್ಳುಳ್ಳಿ ಇರಬಾರದು. ಒಂದೊಂದು ಹೊತ್ತಿನದನ್ನೂ ತೂಗಿ ಬೇರೆ ಬೇರೆ ಕವರಿಗೆ ಕಟ್ಟಿ, ಎರಡು ದಿನದ್ದು ಹೆಚ್ಚಿಗೆ ಇಡಿ. "ಒಂದು ಬೌಲ್" ಅಂತ ಬಾಯಲ್ಲಿ ಹೇಳಿದರೆ ಅವರ ಬೌಲೇ ಬೇರೆ.

ಪ್ರಶ್ನೆ (ಇನ್ನೊಬ್ಬ ಸದಸ್ಯರು): ಪಟಾಕಿಗೆ ನಿದ್ದೆ ಮಾತ್ರೆ ಕೊಡಬಹುದಾ ಮೇಡಂ?

ಉತ್ತರ (ಪಶುವೈದ್ಯೆ): ನೀವಾಗೇ ಕೊಡಬೇಡಿ. ಅಸೆಪ್ರೊಮಜೀನ್ ಥರದ್ದು ಮೈ ಮಲಗಿಸುತ್ತೆ, ಭಯ ಹಾಗೇ ಉಳಿಯುತ್ತೆ. ಓಡಲಾರದೆ ಹೆದರಿಕೊಂಡು ಬಿದ್ದಿರುತ್ತೆ ಪಾಪ. ಭಯಕ್ಕೇ ಬೇರೆ ಮದ್ದಿದೆ, ನಿಮ್ಮ ವೈದ್ಯರು ಬರೆದರೆ ಮೊದಲ ಡೋಸ್ ಮನೇಲೇ ಕೊಟ್ಟು ನೋಡಿ.

ಉತ್ತರ (ಬೋರ್ಡಿಂಗ್ ನಡೆಸುವವರು): ಬುಕ್ ಮಾಡಿದ ಜಾಗದಲ್ಲಿ ಒಂದರ ಹಿಂದೆ ಒಂದು ಎರಡು ಗೇಟ್ ಇದೆಯಾ ಅಂತ ಹೋಗಿ ನೋಡ್ಕೊಂಡು ಬನ್ನಿ. ಪಟಾಕಿ ಸದ್ದಿಗೆ ನಾಯಿ ನುಗ್ಗೋದು ತೆರೆದ ಬಾಗಿಲಿಗೇ. ಕುತ್ತಿಗೆ ಬೆಲ್ಟಿನೊಳಗೆ ಎರಡು ಬೆರಳು ಮಾತ್ರ ಹೋಗಬೇಕು, ಸಡಿಲಾದರೆ ತಲೆ ಜಾರಿಸಿಕೊಂಡು ಬಿಡುತ್ತೆ. ಹೊಸ ಹಾಸಿಗೆ ತರಬೇಡಿ. ನೀವು ಹೊದ್ದ, ಒಗೆಯದ ಹಳೇ ಬೆಡ್‌ಶೀಟ್ ಸಾಕು, ಅದರಲ್ಲೇ ಮೂತಿ ಹುದುಗಿಸಿ ಮಲಗ್ತವೆ. ಮೊದಲ ದಿನ ಊಟ ಮುಟ್ಟದಿದ್ದರೆ ಗಾಬರಿ ಬೇಡ, ನೀರೂ ಕುಡಿಯದಿದ್ದರೆ ಅಥವಾ ವಾಂತಿ ಆದರೆ ನಾವೇ ವೈದ್ಯರಿಗೆ ತೋರಿಸ್ತೀವಿ. ಅದಕ್ಕೆ ಒಪ್ಪಿಗೆ ಚೀಟಿ, ನಿಮ್ಮ ವೈದ್ಯರ ನಂಬರು ಬರೆದು ಕೊಡಿ.

ಪಶುವೈದ್ಯೆ: ವಾಪಸ್ ಬಂದ ದಿನ ಕಿವಿಯೊಳಗೆ, ಬೆರಳ ಸಂದಿ, ಬಾಲದ ಬುಡದಲ್ಲಿ ಉಣ್ಣೆಹುಳ ಹುಡುಕಿ. ಒಂದೆರಡು ದಿನ ಬರೀ ನಿದ್ದೆ ಮಾಡುತ್ತೆ, ಅದು ಸಹಜ. ಎರಡು ವಾರದೊಳಗೆ ಒಣಕೆಮ್ಮು ಬಂದರೆ ಬೇರೆ ನಾಯಿಗಳ ಹತ್ತಿರ ಬಿಡದೆ ಕರ್ಕೊಂಡು ಬನ್ನಿ. ಮೂರು ವಾರದೊಳಗೆ ಜ್ವರ ಬಂದು ಊಟ ಬಿಟ್ಟರೆ ಟಿಕ್ ಫೀವರ್‌ಗೆ (ಉಣ್ಣೆಹುಳ ಕಚ್ಚಿ ಬರುವ ಜ್ವರ) ರಕ್ತಪರೀಕ್ಷೆ ಮಾಡಿಸಿ.